ಯಾವ ಕಡೆಯವನು ನೀನು?

ಟ್ರಂಕು ಹೊತ್ತು ಪಟ್ಟಣದ ಹಾಸ್ಟೆಲ್ಲಿಗೆ ಬಂದವರು ನಾವು. ಬಾಡಿಗೆ ಮನೆಯ ಬಾಗಿಲಲ್ಲಿ, ಒಂದು ಲೋಟ ನೀರು ಕೊಡುವ ಮುಂಚೆ, ನಮ್ಮನ್ನು ಕೇಳಿದ ಪ್ರಶ್ನೆ ಒಂದೇ: 'ನೀವು ಯಾವ ಜನ?' ಆ ಪ್ರಶ್ನೆಯ ಉರಿ ತಿಂದ ನಾವೇ ಇನ್ನೊಬ್ಬರನ್ನು ಹಾಗೆ ಕೇಳಬಹುದೇ?

ಕೇಳುತ್ತಿದ್ದೇವೆ. ಹೆಣ್ಣನ್ನೂ ಗಂಡನ್ನೂ ಪ್ರೀತಿಸಬಲ್ಲ ಹುಡುಗ ಹುಡುಗಿಯರು ನಮ್ಮ ಹಾಸ್ಟೆಲ್ಲುಗಳಲ್ಲಿ, ನಮ್ಮ ಜಾಥಾಗಳಲ್ಲಿ ಇದ್ದಾರೆ. ಬೈಸೆಕ್ಷುವಲ್ ಎಂದು ಅವರನ್ನು ಕರೆಯುತ್ತಾರೆ. 'ಯಾವ್ದಾದ್ರೂ ಒಂದು ಕಡೆ ನಿಲ್ಲಪ್ಪ' ಅಂತೀವಿ. ಮದುವೆಯಾದರೆ 'ಸರಿಹೋದ' ಅಂತೀವಿ. ಸಲಿಂಗಪ್ರೇಮಿಗಳ ನಡುವೆಯೂ ಇವರನ್ನು ಎರಡು ದೋಣಿಯಲ್ಲಿ ಕಾಲಿಟ್ಟವರೆಂದು ಅನುಮಾನಿಸುವವರುಂಟು. ಎರಡೂ ಮನೆಯ ಹೊರಗೆ ನಿಂತವರು ಬಾಯಿ ಹೊಲಿದುಕೊಳ್ಳುತ್ತಾರೆ. ಆ ಮೌನ ನಿದ್ದೆ ಕೆಡಿಸುತ್ತದೆ, ಓದು ಬಿಡಿಸುತ್ತದೆ, ಕೆಲವರ ಜೀವವನ್ನೂ ತೆಗೆಯುತ್ತದೆ.

'ಇದು ಉಂಡವರ ಖಯಾಲಿ, ನಮಗೆ ಹೊಟ್ಟೇದೇ ಚಿಂತೆ' ಎನ್ನುವ ಸಂಗಾತಿಗಳಿದ್ದಾರೆ. ಬಾಬಾಸಾಹೇಬರು 1916ರಲ್ಲಿ, ಕೊಲಂಬಿಯಾ ವಿಶ್ವವಿದ್ಯಾಲಯದಲ್ಲಿ ಓದುವಾಗಲೇ, ಜಾತಿಯ ಬೇರು ಒಳಮದುವೆಯಲ್ಲಿದೆ ಎಂದು ತೋರಿಸಿದರು. ಯಾರು ಯಾರನ್ನು ಕೂಡಬೇಕೆಂಬುದನ್ನು ಮುಷ್ಟಿಯಲ್ಲಿಟ್ಟುಕೊಂಡೇ ಜಾತಿ ಬದುಕಿದೆ. ಹಾಗಿರುವಾಗ ಒಲವಿನ ಮೇಲಿನ ಕಾವಲು ನಮ್ಮ ಹೋರಾಟದ ಹೊರಗಿನ ಮಾತು ಹೇಗಾದೀತು? ನಮ್ಮ ಕೇರಿಯ ಹುಡುಗನಿಗೆ ಪಟ್ಟಣದಲ್ಲಿ ಜಾತಿ ಮುಚ್ಚಿಡುವ ಕಷ್ಟ, ಕೇರಿಯಲ್ಲಿ ಪ್ರೀತಿ ಮುಚ್ಚಿಡುವ ಕಷ್ಟ.

ಕಾನೂನು ತುಸು ಬಾಗಿಲು ತೆರೆದಿದೆ. ಬ್ರಿಟಿಷರ 1860ರ ದಂಡಸಂಹಿತೆಯ 377ನೇ ಕಲಮು ವಯಸ್ಕರ ಒಪ್ಪಿತ ಸಂಬಂಧಕ್ಕೆ ಅನ್ವಯಿಸದು ಎಂದು ಸುಪ್ರೀಂ ಕೋರ್ಟು 2018ರ ಸೆಪ್ಟೆಂಬರ್ 6ರಂದು ತೀರ್ಪು ಕೊಟ್ಟಿತು. ಲೈಂಗಿಕ ಒಲವಿನ ಕಾರಣಕ್ಕೆ ಚಿಕಿತ್ಸೆಯಲ್ಲಿ ಭೇದ ಮಾಡಕೂಡದು ಎನ್ನುತ್ತದೆ 2017ರ ಮಾನಸಿಕ ಆರೋಗ್ಯ ಕಾಯಿದೆ. ಮನಸ್ಸು ಕುಸಿದವರು ಸರ್ಕಾರದ ಟೆಲಿ-ಮಾನಸ್ ಸಂಖ್ಯೆ 14416ಕ್ಕೆ ಫೋನು ಮಾಡಿ ಕನ್ನಡದಲ್ಲೇ ಮಾತಾಡಬಹುದು. ಆದರೆ ಸಂವಿಧಾನ ಅಸ್ಪೃಶ್ಯತೆಯನ್ನು 1950ರಲ್ಲೇ ರದ್ದು ಮಾಡಿತು. ಊರ ಹೋಟೆಲಿನಲ್ಲಿ ನಮ್ಮ ಲೋಟ ಎಷ್ಟು ವರ್ಷ ಬೇರೆಯೇ ಇತ್ತೆಂಬುದು ನಮಗೆ ಗೊತ್ತು. ಕಾನೂನಿನ ಹಿಂದೆ ಮನುಷ್ಯರೂ ನಡೆಯಬೇಕು.

ಮೇಷ್ಟ್ರುಗಳೇ, ಗೆಳೆಯರೇ, ನಂಬಿ ಬಂದವರ ಮಾತು ಕೇಳಿ. ಪುರಾವೆ ಕೇಳಬೇಡಿ. ಅವರ ಗುಟ್ಟನ್ನು ಮನೆಗೂ ವಾರ್ಡನ್ನಿಗೂ ಮುಟ್ಟಿಸಬೇಡಿ. 'ಮದುವೆ ಮಾಡಿದ್ರೆ ಸರಿಹೋಗ್ತಾನೆ' ಎನ್ನಬೇಡಿ. ಅಲ್ಲಿ ಇನ್ನೊಂದು ಜೀವವೂ ಸಿಕ್ಕಿಕೊಳ್ಳುತ್ತದೆ. 'ಮೊದಲು ಅರ್ಥವಾಗಲಿ, ಆಮೇಲೆ ಜಾಗ ಕೊಡೋಣ' ಎಂದವರ ಜಗುಲಿಯ ಕೆಳಗೆ ನಮ್ಮ ತಾತಂದಿರು ಎಷ್ಟು ಕಾಲ ನಿಂತಿದ್ದರು! ನಾವು ಮೊದಲು ಚಾಪೆ ಹಾಸೋಣ. ಅರ್ಥ ಆಮೇಲೆ ಬರಲಿ.