ವಾರಸುದಾರರಿಲ್ಲದ ಗೋರಿಗಳು

ಸತ್ತವರ ಮೇಲೆ ಬದುಕಿರುವವರಿಗೆ ಹಕ್ಕುಂಟೇ? ಉಂಟಾದರೆ ಅದು ಎಷ್ಟರದು, ಯಾವ ಬಗೆಯದು? ಮೊದಲ ನೋಟಕ್ಕೆ ಈ ಪ್ರಶ್ನೆ ವಿಚಿತ್ರವೆನಿಸೀತು. ಆದರೆ ಪ್ರಾಚೀನರ ಗೋರಿಗಳನ್ನು ಅಗೆದು ಜ್ಞಾನ ಸಂಪಾದಿಸುವ ಶಾಸ್ತ್ರವೊಂದು ಬೆಳೆದು ನಿಂತಿರುವಾಗ ಇದನ್ನು ಕೇಳದೆ ಬಿಡುವಂತಿಲ್ಲ.

ಚಿಕ್ಕೋಡಿ, ರಾಯಬಾಗ, ಅಥಣಿಗಳ ಕಡೆಯವರು ಉದಾಹರಣೆಗಾಗಿ ದೂರ ಹೋಗಬೇಕಾಗಿಲ್ಲ. ಗೋಕಾಕ ತಾಲೂಕಿನ ಕೊಣ್ಣೂರಿನ ಬಳಿ, ನೆಟ್ಟಗೆ ನಿಲ್ಲಿಸಿದ ಚಪ್ಪಡಿಗಳ ಮೇಲೆ ಹಾಸುಗಲ್ಲು ಹೊದಿಸಿದ ಪ್ರಾಚೀನ ಕಲ್ಲುಕೋಣೆಗಳಿವೆ. ಇಂಥವುಗಳನ್ನು ನಮ್ಮ ಜನ ಕೆಲವೆಡೆ ಪಾಂಡವರ ಮನೆ ಎನ್ನುತ್ತಾರೆ, ಕೆಲವೆಡೆ ಮೋರೇರ ಮನೆ ಎನ್ನುತ್ತಾರೆ. ವಿದ್ವಾಂಸರು ಬೃಹತ್ ಶಿಲಾಸಮಾಧಿಗಳೆಂದು ಕರೆಯುತ್ತಾರೆ. ಕಬ್ಬಿಣವನ್ನು ಬಲ್ಲ ಜನ, ಸ್ಥೂಲವಾಗಿ ಹೇಳುವುದಾದರೆ ಎರಡು ಮೂರು ಸಾವಿರ ವರ್ಷಗಳ ಹಿಂದೆ, ತಮ್ಮ ಸತ್ತವರಿಗಾಗಿ ಕಟ್ಟಿದ ಮನೆಗಳಿವು. ಅವರ ಹೆಸರು ನಮಗೆ ತಿಳಿಯದು. ಅವರ ಮಾತು ಯಾವುದೆಂದೂ ತಿಳಿಯದು.

ಕನ್ನಡ ನಾಡಿನಲ್ಲಿ ಇಂಥ ಗೋರಿಗಳನ್ನು ಶಾಸ್ತ್ರೀಯವಾಗಿ ಅಗೆದು ನೋಡಿದ ಮೊದಲಿಗರಲ್ಲಿ ಸುರಪುರದ ಮೆಡೋಸ್ ಟೇಲರ್ ಸಾಹೇಬರು ಪ್ರಮುಖರು. ಭೀಮಾತೀರದ ಜೇವರ್ಗಿಯ ಸಮಾಧಿಗಳ ವಿಷಯವಾಗಿ ಅವರು ಲೇಖನ ಬರೆದು ಪ್ರಕಟಿಸಿದರು. ನೆಲದೊಳಗಿನ ಪದರಗಳನ್ನು ಅಡ್ಡಸೀಳಿದಂತೆ ಚಿತ್ರಿಸಿ ತೋರಿಸಿದ ಅವರ ಎಚ್ಚರವನ್ನು ಶಾಸ್ತ್ರಜ್ಞರು ಇಂದಿಗೂ ಮೆಚ್ಚುತ್ತಾರೆ. ಆದರೆ ಇವನ್ನು ಕಟ್ಟಿದವರಾರು ಎಂಬ ಪ್ರಶ್ನೆ ಎದುರಾದಾಗ ಸಾಹೇಬರ ದೃಷ್ಟಿ ತಮ್ಮ ಸೀಮೆಯ ಕಡೆಗೆ ಹರಿಯಿತು. ಮುಂದಿನ ಪ್ರಬಂಧದ ತಲೆಬರಹದಲ್ಲಿಯೇ ಕೆಲ್ಟರು, ಡ್ರುಯಿಡರು, ಸಿಥಿಯನ್ನರು ಬಂದು ಕುಳಿತರು. ಗುದ್ದಲಿ ಹಿಡಿದವರು ಈ ನೆಲದ ಕೂಲಿಗಳು. ಗೋರಿಯ ಒಡೆಯರು ಮಾತ್ರ ಎಲ್ಲಿಯವರೋ!

ಟೇಲರರಲ್ಲಿ ಇದು ಕೇವಲ ಊಹೆಯ ದೋಷ. ಇದೇ ದೋಷ ಅಮೇರಿಕೆಯಲ್ಲಿ ಎಷ್ಟು ದೂರ ಹೋಯಿತೆಂಬುದನ್ನು ನೋಡಬೇಕು. ಓಹಾಯೋ, ಮಿಸಿಸಿಪಿ ನದಿಗಳ ಬಯಲಿನಲ್ಲಿ ಪ್ರಾಚೀನರು ಕಟ್ಟಿದ ದೊಡ್ಡ ಮಣ್ಣಿನ ದಿಬ್ಬಗಳಿವೆ. ಸ್ಕ್ವಯರ್ ಮತ್ತು ಡೇವಿಸ್ ಎಂಬಿಬ್ಬರು ಅವನ್ನು ಅಳೆದು ಬರೆದ ಗ್ರಂಥವನ್ನು ಸ್ಮಿತ್‌ಸೋನಿಯನ್ ಸಂಸ್ಥೆ 1848ರಲ್ಲಿ ಪ್ರಕಟಿಸಿತು. ಆದರೆ ಅಲ್ಲಿಯ ಮೂಲನಿವಾಸಿಗಳ ಪೂರ್ವಜರು ಇಂಥದನ್ನು ಕಟ್ಟಬಲ್ಲವರೆಂದು ಬಿಳಿಯರಲ್ಲಿ ಬಹಳ ಜನ ನಂಬಲೊಲ್ಲರು. ಅಳಿದುಹೋದ ಬೇರೊಂದು ಶ್ರೇಷ್ಠ ಜನಾಂಗದ ಕಥೆ ಹುಟ್ಟಿಕೊಂಡಿತು. ಮೂಲನಿವಾಸಿಗಳನ್ನು ನೆಲ ಬಿಡಿಸಿ ಪಶ್ಚಿಮಕ್ಕೆ ಅಟ್ಟುವ ಕಾಯಿದೆ ಬಂದ 1830ರಲ್ಲಿಯೇ ಅಧ್ಯಕ್ಷ ಜಾಕ್ಸನ್‌ರು ತಮ್ಮ ಕ್ರಮದ ಸಮರ್ಥನೆಗಾಗಿ ಆ ಕಥೆಯನ್ನು ಬಳಸಿದರು: ಹಿಂದೆಯೂ ಒಂದು ಜನಾಂಗ ಅಳಿದು ಇನ್ನೊಂದಕ್ಕೆ ಎಡೆಗೊಟ್ಟಿತ್ತಲ್ಲವೇ ಎಂಬುದು ಅವರ ವಾದ. ದಿಬ್ಬಗಳು ಮೂಲನಿವಾಸಿಗಳ ಪೂರ್ವಜರವೇ ಎಂದು ಸೈರಸ್ ಥಾಮಸ್ 1894ರ ವರದಿಯಲ್ಲಿ ಸಿದ್ಧಮಾಡಿ ತೋರಿಸುವಷ್ಟರಲ್ಲಿ ನೆಲವೂ ಹೋಗಿತ್ತು, ಎಲುಬುಗಳೂ ವಸ್ತುಸಂಗ್ರಹಾಲಯ ಸೇರಿದ್ದವು. ಆ ಎಲುಬುಗಳನ್ನು ವಂಶಜರಿಗೆ ಹಿಂದಿರುಗಿಸಬೇಕೆಂಬ ಕಾಯಿದೆ ಬಂದದ್ದು 1990ರಲ್ಲಿ.

ಇದರಿಂದ ಒಂದು ಮಾತು ಸ್ಪಷ್ಟವಾಗುತ್ತದೆ. ನಮ್ಮ ಊರಿನ ಗದ್ದುಗೆಯನ್ನಾಗಲಿ, ಬಸದಿಯ ಬಳಿಯ ನಿಷಿಧಿಯನ್ನಾಗಲಿ, ದರ್ಗೆಯನ್ನಾಗಲಿ ಅಗೆಯುತ್ತೇನೆಂದು ಯಾರಾದರೂ ಬಂದರೆ ಊರು ಸುಮ್ಮನಿದ್ದೀತೇ? ಅವಕ್ಕೆ ವಾರಸುದಾರರಿದ್ದಾರೆ. ವಾರಸುದಾರರಿಲ್ಲದ ಗೋರಿಗೆ ಮಾತ್ರ ಗುದ್ದಲಿ ನಿಶ್ಚಿಂತೆಯಿಂದ ಬೀಳುತ್ತದೆ. ಅಮೇರಿಕೆಯಲ್ಲಿ ನಡೆದ ಅನ್ಯಾಯವೆಂದರೆ, ಎದುರಿಗೇ ನಿಂತಿದ್ದ ವಾರಸುದಾರರನ್ನು ಅಲ್ಲವೆಂದು ಸಾರಿದ್ದು. ನೆಲವನ್ನು ಕಸಿಯುವ ಮೊದಲು ಅವರ ಹಿರಿಯರನ್ನು ಕಸಿಯಲಾಯಿತು.

ಹಾಗಾದರೆ ಅಗೆಯುವುದೇ ಪಾಪವೇ? ಹಾಗೆನ್ನಲಾರೆ. 1947ರಲ್ಲಿ ಮಾರ್ಟಿಮರ್ ವ್ಹೀಲರ್‌ರು ಚಿತ್ರದುರ್ಗ ಜಿಲ್ಲೆಯ ಬ್ರಹ್ಮಗಿರಿಯನ್ನು ಅಗೆಯದಿದ್ದರೆ ಈ ಸಮಾಧಿಗಳ ಜನ ಶಿಲಾಯುಗದವರ ಬಳಿಕ, ಶಾತವಾಹನರ ಕಾಲಕ್ಕೆ ಮುನ್ನ ಬಾಳಿದವರೆಂಬ ಕ್ರಮ ನಮಗೆ ತಿಳಿಯುತ್ತಿರಲಿಲ್ಲ. ಡಾ. ಅ. ಸುಂದರ ಅವರು ಉತ್ತರ ಕರ್ನಾಟಕದ ಸಮಾಧಿಗಳನ್ನು ಊರೂರು ತಿರುಗಿ ನೋಡಿ 1975ರಲ್ಲಿ ಗ್ರಂಥ ಬರೆಯದಿದ್ದರೆ ಅನೇಕ ಗೋರಿಗಳ ನೆನಪೂ ಉಳಿಯುತ್ತಿರಲಿಲ್ಲ. ತಿಳಿಯದೆ ಗೌರವಿಸುವುದು ಎಷ್ಟು ದಿನ ನಡೆದೀತು? ಹೆಸರಿಲ್ಲದ ಕಲ್ಲು ಕೊನೆಗೆ ಹೊಲದ ಬದುವಿಗೋ ಮನೆಯ ಬುನಾದಿಗೋ ಸೇರುತ್ತದೆ. ನಿಧಿಯ ಆಸೆಯಿಂದ ಅಮಾವಾಸ್ಯೆಯ ರಾತ್ರಿ ಅಗೆಯುವವರಂತೂ ಯಾವ ಶಾಸ್ತ್ರವನ್ನೂ ಓದಿದವರಲ್ಲ.

ಇನ್ನೊಂದು ಅಪಾಯ ನಮ್ಮ ಗಡಿಸೀಮೆಯವರಿಗೆ ವಿಶೇಷವಾದುದು. ನಿಪ್ಪಾಣಿಯಿಂದ ಕಾಗವಾಡದವರೆಗೆ ಎರಡು ನುಡಿಗಳು ಒಂದೇ ಸಂತೆಯಲ್ಲಿ ವ್ಯಾಪಾರ ಮಾಡುತ್ತವೆ. ಆದರೂ 1956ರ ರಾಜ್ಯ ಪುನರ್ವಿಂಗಡಣೆಯಿಂದೀಚೆಗೆ ಹಳೆಯ ಕಲ್ಲು ಕಂಡರೆ ಅದನ್ನು ಕೋರ್ಟಿನ ಕಾಗದದಂತೆ ಓದುವ ಚಾಳಿ ಎರಡೂ ಕಡೆ ಬೆಳೆದಿದೆ. ಶಾಸನವಾದರೆ ಅದಕ್ಕೊಂದು ಭಾಷೆಯುಂಟು, ಸಾಕ್ಷಿ ನುಡಿದೀತು. ಕೊಣ್ಣೂರಿನ ಗೋರಿಯೋ ಹಲ್ಮಿಡಿಯ ಶಾಸನಕ್ಕಿಂತ ಎಷ್ಟೋ ಶತಮಾನ ಹಿಂದಿನದು. ಅಲ್ಲಿ ಮಲಗಿದವನನ್ನು ಎಬ್ಬಿಸಿ ಇಂದಿನ ಗಡಿಯ ಕಾವಲಿಗೆ ನಿಲ್ಲಿಸುವುದು ಎಲ್ಲಿಯ ನ್ಯಾಯ? ನಿಮ್ಮವನಲ್ಲವೆಂದು ಬಿಳಿಯರು ಸತ್ತವರನ್ನು ಕಸಿದರು. ನಮ್ಮವನೇ ಎಂದು ನಾವು ಬಾಚಿಕೊಂಡರೆ, ಆಗಲೂ ಸತ್ತವನು ನಮ್ಮ ಕೆಲಸದ ಆಳಾಗಿಯೇ ಉಳಿಯುತ್ತಾನೆ.

ದಾರಿಯಲ್ಲಿ ಅಪರಿಚಿತನ ಶವ ಸಾಗಿದರೆ ನಮ್ಮ ಹಳ್ಳಿಯ ಜನ ಯಾವ ಕುಲ, ಯಾವ ನುಡಿಯೆಂದು ಕೇಳದೆ ಬದಿಗೆ ಸರಿದು ಕೈಮುಗಿಯುತ್ತಾರೆ. ಹಕ್ಕಿಲ್ಲದೆಡೆಯೂ ಕರ್ತವ್ಯ ಇರಬಲ್ಲದೆಂಬುದನ್ನು ಅವರಿಗೆ ಯಾವ ಗ್ರಂಥವೂ ಕಲಿಸಬೇಕಾಗಿಲ್ಲ. ಗೋರಿಯ ಮುಂದೆ ನಿಂತ ಪಂಡಿತನೂ ಅಷ್ಟನ್ನು ಮಾಡಲಿ. ಈ ಸತ್ತವನ ಮಗ ಪಕ್ಕದಲ್ಲಿ ನಿಂತಿದ್ದರೆ ಹೇಗೆ ಅಗೆಯುತ್ತಿದ್ದನೋ ಹಾಗೆಯೇ ಅಗೆಯಲಿ, ಕಂಡದ್ದನ್ನು ಕಂಡಂತೆ ಬರೆಯಲಿ, ಎಲುಬನ್ನು ಎಲುಬೆಂದಲ್ಲದೆ ಮನುಷ್ಯನೆಂದು ಎತ್ತಿಡಲಿ. ವಾರಸುದಾರರಿಲ್ಲದವರಿಗೆ ಊರೇ ವಾರಸು ಎಂಬುದು ನಮ್ಮಲ್ಲಿ ಅನಾಥಶವಕ್ಕೆ ಸಲ್ಲುವ ನ್ಯಾಯ. ಮೂರು ಸಾವಿರ ವರ್ಷ ಹಳೆಯದೆಂಬ ಕಾರಣಕ್ಕೆ ಆ ನ್ಯಾಯ ತಪ್ಪಬೇಕಾದುದಿಲ್ಲ.