ಕಾಯಕ ಕೊಡುವವನು ದಾಸೋಹಿಯೆ?

ದಾನಕ್ಕೂ ದಾಸೋಹಕ್ಕೂ ಇರುವ ಅಂತರವನ್ನು ಶರಣಧರ್ಮದಲ್ಲಿ ಬೆಳೆದವರಿಗೆ ಬಿಡಿಸಿ ಹೇಳಬೇಕಾದುದಿಲ್ಲ. ದಾನದಲ್ಲಿ ಕೊಡುವ ಕೈ ಮೇಲಿರುತ್ತದೆ, ಕೊಳ್ಳುವ ಕೈ ಕೆಳಗಿರುತ್ತದೆ. ದಾಸೋಹದಲ್ಲಾದರೋ ಕೊಡುವವನೇ ದಾಸನು. ತನ್ನಲ್ಲಿರುವುದು ತನ್ನದಲ್ಲ, ಅದನ್ನು ಸಲ್ಲಬೇಕಾದವರಿಗೆ ಸಲ್ಲಿಸುವುದಷ್ಟೇ ತನ್ನ ಪಾಲಿನ ಕೆಲಸ ಎಂಬ ಅರಿವು ಆ ಪದದ ಒಳಗೇ ಇದೆ. ಅನ್ನವನ್ನು ನೀಡುವಾಗ ಈ ಅರಿವನ್ನು ಉಳಿಸಿಕೊಳ್ಳುವುದು ಬಹಳ ಕಷ್ಟವಲ್ಲ, ಬಡಿಸುವವನು ಬಾಗಲೇಬೇಕು. ಆದರೆ ಅನ್ನಕ್ಕೆ ಬದಲಾಗಿ ಕೆಲಸವನ್ನು ಕೊಡುವಾಗ ಏನಾಗುತ್ತದೆ? "ನಾನು ಹತ್ತು ಮನೆಗಳಿಗೆ ಅನ್ನ ಹಾಕುತ್ತಿದ್ದೇನೆ" ಎಂದು ಸಣ್ಣ ಕಾರ್ಖಾನೆಯ ಯಜಮಾನರು ಹೆಮ್ಮೆಯಿಂದ ನುಡಿಯುವುದನ್ನು ನಾವು ಕೇಳಿದ್ದೇವೆ. ಆ ಹತ್ತು ಮನೆಯವರೂ ದುಡಿದು ಯಜಮಾನನ ಮನೆಗೆ ಅನ್ನ ಹಾಕುತ್ತಿರುವರೆಂಬ ಸಂಗತಿ ಆ ಮಾತಿನಲ್ಲಿ ಮರೆಯಾಗಿಬಿಡುತ್ತದೆ. ಹಾಗಾದರೆ ಕಾಯಕವನ್ನು ಕೊಡುವುದು ದಾಸೋಹವಾಗಬಲ್ಲುದೆ? ಆಗುವುದಾದರೆ ಯಾವ ನಿಬಂಧನೆಗಳಿಂದ ಆಗುತ್ತದೆ? ಇದೇ ಪ್ರಕೃತ ವಿಚಾರ.

ಈ ಪ್ರಶ್ನೆಯನ್ನು ಬರಿಯ ಶಾಸ್ತ್ರಚರ್ಚೆಯಾಗಿ ಬಿಡದೆ, ನಮ್ಮವರು ಅನೇಕರು ನೆಲೆಸಿರುವ ಪಶ್ಚಿಮ ಬೆಂಗಳೂರನ್ನು ಮುಂದಿಟ್ಟುಕೊಂಡು ವಿಚಾರಿಸುವುದು ಉಚಿತ. ಈ ಭಾಗವು ದುಡಿಮೆಯಿಂದಲೇ ಬೆಳೆದುದು. 1884ರಲ್ಲಿ ಆರಂಭವಾದ ಬಟ್ಟೆಯ ಗಿರಣಿಯು ಬಿನ್ನಿ ಗಿರಣಿಯೆಂದು ಹೆಸರಾಗಿ, ಮಾಗಡಿ ರಸ್ತೆಯ ಆಸುಪಾಸಿನ ಸಾವಿರಾರು ಸಂಸಾರಗಳನ್ನು ತಲೆಮಾರುಗಳ ಕಾಲ ಸಲಹಿತು. ಸ್ವಾತಂತ್ರ್ಯಾನಂತರ ರಾಜಾಜಿನಗರವು ಕೈಗಾರಿಕಾ ಉಪನಗರವಾಗಿ ರೂಪುಗೊಂಡಿತು. 1949ರಲ್ಲಿ ಹುಟ್ಟಿದ ಸಣ್ಣ ಕೈಗಾರಿಕೆಗಳ ಸಂಘವಾದ ಕಾಸಿಯಾದ ಕಚೇರಿಯು ವಿಜಯನಗರದಲ್ಲಿದೆ. 1983ರಲ್ಲಿ ಸ್ಥಾಪಿತವಾದ ಮಹಿಳಾ ಉದ್ಯಮಿಗಳ ಸಂಘವಾದ ಅವೇಕ್ ರಾಜಾಜಿನಗರದ ಕೈಗಾರಿಕಾ ವಸಾಹತಿನಲ್ಲಿದೆ. ಗಿರಣಿಯು ಮುಚ್ಚಿತು, ಆ ನೆಲದ ಮೇಲೆ ಇಂದು ಬಹುಮಹಡಿಯ ವಸತಿಗಳು ಎದ್ದಿವೆ. ದೊಡ್ಡ ಗಿರಣಿಯು ಹೋದ ಮೇಲೆ ದುಡಿಮೆಯು ಸಣ್ಣ ಸಣ್ಣ ತುಂಡುಗಳಾಗಿ ಚದುರಿತು. ಕಾಮಾಕ್ಷಿಪಾಳ್ಯದ ಯಂತ್ರಶಾಲೆ, ಸಿದ್ಧ ಉಡುಪಿನ ಕಾರ್ಖಾನೆ, ಮನೆಯ ಜಗುಲಿಯಲ್ಲಿ ನಡೆಯುವ ಹೊಲಿಗೆ, ಅಗರಬತ್ತಿ ಹೊಸೆಯುವಿಕೆ ಇವೇ ಮೊದಲಾದವು ಇಂದು ಬಡವರ ಆಸರೆಗಳಾಗಿವೆ.

ಗಿರಣಿಯ ಕಾಲದಲ್ಲಿ ಕೆಲಸ ಕೊಡುವವನು ಎಲ್ಲಿಯೋ ದೂರದಲ್ಲಿದ್ದ ಕಂಪನಿ. ಈಗ ಕೆಲಸ ಕೊಡುವವರು ನಮ್ಮ ನಿಮ್ಮಂಥ ಗೃಹಸ್ಥರೇ. ಆದುದರಿಂದ ಈ ಪ್ರಶ್ನೆಯು ಈಗ ಸರ್ಕಾರದ್ದೋ ಕಂಪನಿಯದ್ದೋ ಅಲ್ಲ, ಬೆಳಿಗ್ಗೆ ಎದ್ದು ಲಿಂಗಪೂಜೆ ಮಾಡಿ ಅಂಗಡಿ ತೆರೆಯುವ ಪ್ರತಿಯೊಬ್ಬ ಭಕ್ತನದು.

ಆ ಪೂಜೆಯ ಸಾಮಗ್ರಿಯಿಂದಲೇ ವಿಚಾರವನ್ನು ಆರಂಭಿಸೋಣ. ನಾವು ಬೆಳಗಿಸುವ ಊದುಬತ್ತಿಯ ಕಡ್ಡಿಗೆ ಇದ್ದಿಲಪುಡಿ, ಜಿಗಟುಗಳ ಹಿಟ್ಟನ್ನು ಮೆತ್ತಿ ಮಣೆಯ ಮೇಲೆ ಹೊಸೆಯುವ ಕೆಲಸವನ್ನು ಬಹುಕಾಲದಿಂದ ಮಾಡುತ್ತ ಬಂದವರು ಬೆಂಗಳೂರು, ಮೈಸೂರುಗಳ ಬಡಮನೆಗಳ ಹೆಂಗಸರು. ಇತ್ತೀಚೆಗೆ ಯಂತ್ರಗಳು ಬಂದು ಈ ಕೆಲಸದ ಬಹುಭಾಗವನ್ನು ಕಸಿದುಕೊಂಡಿವೆ. ಕೈಯಿಂದ ಹೊಸೆಯುವವರಿಗೆ ಕೂಲಿಯು ದಿನಲೆಕ್ಕದಲ್ಲಿ ಸಿಕ್ಕುವುದಿಲ್ಲ. ಸಾವಿರ ಕಡ್ಡಿಗೆ ಇಷ್ಟೆಂದು ಎಣಿಕೆ. ವಿದೇಶದ ಸರಕಿನಿಂದ ಈ ಕಸುಬು ಕುಗ್ಗಬಾರದೆಂದು ಕೇಂದ್ರ ಸರ್ಕಾರವು 2019ರ ಆಗಸ್ಟಿನಲ್ಲಿ ಅಗರಬತ್ತಿಯ ಆಮದನ್ನು ನಿರ್ಬಂಧಿಸಿತು. 2020ರ ಜೂನಿನಲ್ಲಿ ಬಿದಿರು ಕಡ್ಡಿಯ ಆಮದು ಸುಂಕವನ್ನು ಶೇಕಡ 10ರಿಂದ 25ಕ್ಕೆ ಏರಿಸಿತು. ಇವು ಕೆಲಸವನ್ನು ದೇಶದಲ್ಲಿ ಉಳಿಸುವ ಉಪಾಯಗಳು. ಆದರೆ ಉಳಿದ ಕೆಲಸದಲ್ಲಿ ಹೊಸೆದವಳ ಪಾಲೆಷ್ಟು ಎಂಬುದನ್ನು ಸುಂಕದ ಕಟ್ಟೆಯು ತೀರ್ಮಾನಿಸಲಾರದು. ಅದು ಕೊಡುವವನ ಮನಸ್ಸಿನಲ್ಲಿ ತೀರ್ಮಾನವಾಗತಕ್ಕದ್ದು.

ಇಲ್ಲಿ ಆಯ್ದಕ್ಕಿ ದಂಪತಿಗಳ ವೃತ್ತಾಂತವನ್ನು ನೆನೆಯಬೇಕು. ಬಸವಣ್ಣನವರ ಅಂಗಳದಲ್ಲಿ ಚೆಲ್ಲಿದ ಅಕ್ಕಿಯನ್ನು ಆಯ್ದು ತರುವುದು ಮಾರಯ್ಯನವರ ಕಾಯಕ. ಒಂದು ದಿನ ಅವರು ನಿತ್ಯಕ್ಕಿಂತ ಹೆಚ್ಚು ಅಕ್ಕಿಯನ್ನು ತಂದಾಗ ಲಕ್ಕಮ್ಮನು ಅದನ್ನು ಒಲೆಗೇರಿಸದೆ, ಹೆಚ್ಚಿನದನ್ನು ಇದ್ದಲ್ಲಿಗೇ ಹಿಂದಿರುಗಿಸಿ ಬರುವಂತೆ ಗಂಡನನ್ನು ಕಳುಹಿದಳು. ಈ ಕಥೆಯನ್ನು ನಾವು ಬಡವರಿಗೆ ತೃಪ್ತಿಯನ್ನು ಬೋಧಿಸುವುದಕ್ಕಾಗಿ ಬಳಸುವುದೇ ಹೆಚ್ಚು. ಅದನ್ನು ಉಳ್ಳವರ ಮನೆಯ ಹೊಸ್ತಿಲಲ್ಲಿಯೂ ಹೇಳಬೇಡವೆ? ಅಕ್ಕಿ ಆಯುವವನಿಗೇ ಹೆಚ್ಚಿನ ಒಂದು ಬೊಗಸೆಯು ಸಲ್ಲದಾದರೆ, ಅಕ್ಕಿಯನ್ನು ಅಳೆದು ಕೊಡುವವನಿಗೆ ಸಲ್ಲುವುದು ಹೇಗೆ? ತಾನು ಕೊಡಬೇಕಾದ ಕೂಲಿಯಲ್ಲಿ ಹಿಡಿದಿಟ್ಟುಕೊಂಡ ಭಾಗವೇ ಆತನ ಹೆಚ್ಚಿನ ಅಕ್ಕಿ. ಅದನ್ನೇ ಅಮಾವಾಸ್ಯೆಯಂದು ಮಠದ ದಾಸೋಹಕ್ಕೆ ಮೂಟೆಕಟ್ಟಿ ಕಳುಹಿಸಿದರೆ, ಲಕ್ಕಮ್ಮನು ಅಡುಗೆಮನೆಯಲ್ಲಿದ್ದಿದ್ದರೆ ಆ ಮೂಟೆಯನ್ನು ಬಿಚ್ಚುತ್ತಿದ್ದಳೆ?

"ಲಾಭವಿಲ್ಲದೆ ಉದ್ಯೋಗವಿಲ್ಲ; ಬಂಡವಾಳ ಹೂಡಿ, ಸಾಲದ ಭಾರ ಹೊತ್ತು, ನಷ್ಟಕ್ಕೆ ಎದೆಯೊಡ್ಡಿದವನು ಬರಿಗೈಯಲ್ಲಿ ಕೂರಬೇಕೆ?" ಎಂದು ಯಾರಾದರೂ ಕೇಳಬಹುದು. ನ್ಯಾಯವಾದ ಪ್ರಶ್ನೆ. ಶರಣರು ವ್ಯಾಪಾರವನ್ನು ನಿಂದಿಸಿದವರಲ್ಲ; ಅವರ ಬಳಗದಲ್ಲಿ ವ್ಯಾಪಾರಿಗಳೂ ಇದ್ದರು. ಉದ್ಯಮ ನಡೆಸುವುದೂ ಒಂದು ಕಾಯಕವೇ. ಆ ಕಾಯಕಕ್ಕೆ ಸಲ್ಲುವ ಫಲವನ್ನು ಹೆಚ್ಚಿನ ಅಕ್ಕಿಯೆಂದು ಯಾರೂ ಕರೆಯಲಾರರು. ಹಾಗಾದರೆ ಎರಡನ್ನೂ ಬೇರ್ಪಡಿಸುವ ಗೆರೆಯಾವುದು? ಕೂಲಿಯನ್ನು ಕೆಲಸದ ಬೆಲೆಯಿಂದ ನಿಶ್ಚಯಿಸಿದೆವೋ, ಕೆಲಸಗಾರನ ಗತಿಗೇಡಿನಿಂದ ನಿಶ್ಚಯಿಸಿದೆವೋ ಎಂಬುದೇ ಆ ಗೆರೆ. ಮಗುವು ತೊಟ್ಟಿಲಲ್ಲಿದೆ, ಅತ್ತೆಯು ಹಾಸಿಗೆ ಹಿಡಿದಿದ್ದಾಳೆ, ಮನೆ ಬಿಟ್ಟು ಹೊರಡುವಂತಿಲ್ಲ. ಆದುದರಿಂದ ಕೊಟ್ಟಷ್ಟಕ್ಕೆ ಈಕೆಯು ಒಪ್ಪುವಳೆಂದು ಎಣಿಕೆ ಹಾಕಿ ದರ ಕಟ್ಟಿದ ಕ್ಷಣವೇ ಉದ್ಯಮವು ಕಾಯಕದ ಪಂಕ್ತಿಯಿಂದ ಎದ್ದುಹೋಯಿತು. "ಆಕೆಯೇ ಒಪ್ಪಿದಳಲ್ಲ" ಎಂಬುದು ಇಲ್ಲಿ ಸಮಾಧಾನವಾಗಲಾರದು. 1982ರಲ್ಲಿ ಏಷ್ಯನ್ ಕ್ರೀಡಾಕೂಟದ ನಿರ್ಮಾಣ ಕೆಲಸಗಾರರ ವಿಷಯವಾಗಿ ತೀರ್ಪಿತ್ತ ನಮ್ಮ ಸರ್ವೋಚ್ಚ ನ್ಯಾಯಾಲಯವು, ಕನಿಷ್ಠ ವೇತನಕ್ಕೂ ಕಡಿಮೆಗೆ ದುಡಿಯುವವನು ಹಸಿವಿನ ಒತ್ತಾಯಕ್ಕೆ ಸಿಕ್ಕವನು, ಅದು ಸಂವಿಧಾನದ 23ನೆಯ ವಿಧಿಯು ನಿಷೇಧಿಸಿದ ಬಲವಂತದ ದುಡಿಮೆಯೇ ಸರಿ ಎಂದು ಸಾರಿತು. ರಾಜ್ಯದ ಕಾನೂನೇ ಇಷ್ಟು ದೂರ ಬಂದಿರುವಾಗ ಧರ್ಮವು ಅದರ ಹಿಂದೆ ಉಳಿಯುವುದು ಶೋಭೆಯೆ?

ಕೂಲಿಯು ಚಿಕ್ಕದಾದಷ್ಟೂ ಅದರ ಒಂದೊಂದು ಕಾಸಿಗೂ ಅರ್ಥ ಹೆಚ್ಚು. 2016ರ ಏಪ್ರಿಲ್ 18, 19ರಂದು ಬೆಂಗಳೂರಿನ ಸಿದ್ಧ ಉಡುಪು ಕಾರ್ಖಾನೆಗಳ ಕೆಲಸಗಾರರು, ಅವರಲ್ಲಿ ಬಹುಪಾಲು ಹೆಂಗಸರು, ಸಾವಿರಗಟ್ಟಲೆ ರಸ್ತೆಗಿಳಿದುದನ್ನು ವಾಚಕರು ಮರೆತಿರಲಾರರು. ಭವಿಷ್ಯನಿಧಿಯಲ್ಲಿ ಮಾಲೀಕನು ತುಂಬಿದ ಪಾಲನ್ನು 58 ವರ್ಷ ತುಂಬುವವರೆಗೆ ತೆಗೆಯಲಾಗದೆಂಬ ಹೊಸ ನಿಯಮವು ಅವರನ್ನು ಕೆರಳಿಸಿತ್ತು. ಕೆಲವೆಡೆ ನಡೆದ ಹಿಂಸೆಯನ್ನು ಯಾರೂ ಸಮರ್ಥಿಸಲಾರರು. ಆದರೆ ಸರ್ಕಾರವು ಎರಡನೆಯ ದಿನವೇ ಆ ನಿಯಮವನ್ನು ಹಿಂತೆಗೆದುಕೊಂಡುದನ್ನು ನೋಡಿದರೆ, ಅವರ ಕೂಗಿನಲ್ಲಿ ಸತ್ಯವಿದ್ದಿತೆಂಬುದು ಸ್ಪಷ್ಟ. ಮಗಳ ಮದುವೆಗೋ ಮಗನ ಶಾಲೆಯ ಶುಲ್ಕಕ್ಕೋ ಆ ಹಣವನ್ನೇ ನಂಬಿದ್ದವರಿಗೆ ಅದು ದೂರದ ಮುಪ್ಪಿನ ಗಂಟಾಗಿರಲಿಲ್ಲ. ಕೊಡುವವನಿಗೆ ಲೆಕ್ಕಪತ್ರದ ಒಂದು ಸಾಲಾದುದು ಪಡೆಯುವವಳಿಗೆ ಬದುಕೇ ಆಗಿರುತ್ತದೆಂಬುದನ್ನು ಆ ಎರಡು ದಿನಗಳು ತೋರಿಸಿಕೊಟ್ಟವು.

ಇನ್ನೊಂದು ಪ್ರಶ್ನೆಯುಂಟು. ಕೆಲಸವನ್ನು ಯಾರಿಗೆ ಕೊಡಬೇಕು? "ಮೊದಲು ನಮ್ಮವರಿಗೆ, ಮೊದಲು ಸ್ಥಳೀಯರಿಗೆ" ಎಂಬ ಮಾತು ಈಗ ಎಲ್ಲೆಡೆ ಕೇಳಿಬರುತ್ತಿದೆ. ನೆರೆಮನೆಯವನ ಹಸಿವಿಗೆ ಮೊದಲು ಓಗೊಡುವುದು ಸಹಜಧರ್ಮ. ಕೆಲಸವು ಮನೆಯ ಹತ್ತಿರವೇ ದೊರೆತರೆ ತಾಯಿಗೆ ಮಕ್ಕಳ ಮೇಲೆ ಕಣ್ಣಿರುತ್ತದೆ, ಬಸ್ಸಿನ ಖರ್ಚು ಉಳಿಯುತ್ತದೆ, ಗಳಿಸಿದ ಹಣವು ಅದೇ ಬೀದಿಯ ಅಂಗಡಿಗಳಲ್ಲಿ ಸುತ್ತಿ ಇನ್ನಿಬ್ಬರನ್ನು ಬದುಕಿಸುತ್ತದೆ. ಆದರೆ ಸ್ಥಳೀಯನೆಂದರೆ ಯಾರು? ವಿಜಯನಗರಕ್ಕೂ ನಾಗರಭಾವಿಗೂ ನಡುವೆ ಇರುವ ಮೂಡಲಪಾಳ್ಯದ ಹೆಸರನ್ನೇ ನೋಡಿರಿ. ಮೂಡಲೆಂದರೆ ಪೂರ್ವದಿಕ್ಕು. ಇಂದು ಬೆಂಗಳೂರಿನ ಪಶ್ಚಿಮದಲ್ಲಿರುವ ಈ ಪಾಳ್ಯವು ಹೆಸರಿನಲ್ಲಿ ಮಾತ್ರ ಮೂಡಲಾಗಿಯೇ ಉಳಿದಿದೆ. ನಗರವು ಬೆಳೆದು ದಿಕ್ಕುಗಳೇ ಹೊರಳಿಹೋಗಿವೆ. ಇಂತಹ ಬಡಾವಣೆಯಲ್ಲಿ ಮಂಡ್ಯ, ತುಮಕೂರು, ಕಲಬುರಗಿ, ರಾಯಚೂರುಗಳಿಂದ ಬಂದು ಬೇರೂರಿದವನನ್ನು ಹೊರಗಿನವನೆಂದು ಕರೆಯುವ ಅಧಿಕಾರ ಯಾರಿಗಿದೆ? ಕಲ್ಯಾಣವೂ ಹೀಗೆಯೇ ತುಂಬಿತು. ಆಯ್ದಕ್ಕಿ ದಂಪತಿಗಳು ಅಮರೇಶ್ವರದಿಂದ ಬಂದವರು. ಸೌದೆ ಮಾರಿ ಬದುಕಿದ ಮೋಳಿಗೆಯ ಮಾರಯ್ಯನವರು ಕಾಶ್ಮೀರದಿಂದ ಬಂದರೆಂದು ಪರಂಪರೆಯು ಹೇಳುತ್ತದೆ. ಇದ್ದ ನೆಲದಲ್ಲಿ ಬೆವರು ಸುರಿಸಿದವನೇ ಆ ನೆಲದವನು.

"ನಮ್ಮವರು" ಎಂಬ ಪದವನ್ನು ಜಾತಿಗೆ ಕಟ್ಟಿಹಾಕುವುದಂತೂ ಇನ್ನೂ ದೊಡ್ಡ ಅನಾಚಾರ. ತುಮಕೂರಿನ ಸಿದ್ಧಗಂಗೆಯಲ್ಲಿ ಶ್ರೀ ಶಿವಕುಮಾರ ಸ್ವಾಮಿಗಳು (1907-2019) ಜಾತಿಮತಗಳನ್ನು ಎಣಿಸದೆ ಸಾವಿರಾರು ಮಕ್ಕಳಿಗೆ ಅನ್ನ, ಆಶ್ರಯ, ಅಕ್ಷರಗಳನ್ನು ನೀಡಿದರು. ಆ ಪಂಕ್ತಿಯನ್ನು ನೆನೆದು ನಾವು ಕೈಮುಗಿಯುತ್ತೇವೆ. ಅನ್ನದ ಪಂಕ್ತಿಯಲ್ಲಿ ಕೇಳದ ಕುಲವನ್ನು ಕೆಲಸದ ಪಂಕ್ತಿಯಲ್ಲಿ ಕೇಳುವವನು, ತಾನು ಮುಗಿದ ಕೈಯನ್ನು ತಾನೇ ಸುಳ್ಳಾಗಿಸುತ್ತಾನೆ.

ಕೊನೆಯದಾಗಿ, ಕಾಯಕವನ್ನು ಕೊಡುವವನು ಪಡೆಯುವವನನ್ನು ಎಂದೆಂದಿಗೂ ತನ್ನ ಬಾಗಿಲಲ್ಲಿಯೇ ನಿಲ್ಲಿಸಿಕೊಳ್ಳಬೇಕೆ? ದಾಸೋಹದ ಗುರಿಯು ಉಂಡವನು ನಾಳೆ ತಾನೂ ಬಡಿಸುವಂತಾಗುವುದು. 1905ರಲ್ಲಿ ಗದಗ ಸೀಮೆಯ ಕಣಗಿನಹಾಳದಲ್ಲಿ ಸಿದ್ದನಗೌಡ ಸಣ್ಣರಾಮನಗೌಡ ಪಾಟೀಲರು ರೈತರನ್ನು ಕೂಡಿಸಿ, ದೇಶದಲ್ಲಿಯೇ ಮೊದಲನೆಯದಾದ ಕೃಷಿ ಪತ್ತಿನ ಸಹಕಾರ ಸಂಘವನ್ನು ಕಟ್ಟಿದರು. ಊರಿನ ಗೌಡರಾದ ಅವರು ತಾವೇ ಸಾಲ ಕೊಟ್ಟು ಧಣಿಯೆನಿಸಿಕೊಳ್ಳಬಹುದಾಗಿದ್ದಿತು. ರೈತರೇ ತಮಗೆ ತಾವು ಸಾಲ ಕೊಟ್ಟುಕೊಳ್ಳುವಂತೆ ಮಾಡಿದರು. 1959ರಲ್ಲಿ ಮುಂಬಯಿಯ ಗಿರಗಾಂವಿನಲ್ಲಿ ಏಳು ಮಂದಿ ಗೃಹಿಣಿಯರು 80 ರೂಪಾಯಿ ಸಾಲ ಪಡೆದು ಹಪ್ಪಳ ಲಟ್ಟಿಸತೊಡಗಿದರು. ಅದೇ ಇಂದಿನ ಲಿಜ್ಜತ್ ಸಂಸ್ಥೆ. ಅಲ್ಲಿಯೂ ಹೆಂಗಸರು ಹಿಟ್ಟನ್ನು ಮನೆಗೊಯ್ದು ದುಡಿಯುತ್ತಾರೆ, ಅಲ್ಲಿಯೂ ಕೂಲಿಯು ಮಾಡಿದ ಕೆಲಸದ ಅಳತೆಯಂತೆಯೇ. ಆದರೆ ಲಟ್ಟಿಸುವವರೇ ಸಂಸ್ಥೆಯ ಒಡತಿಯರು. ಲಾಭ ನಷ್ಟಗಳೆರಡೂ ಅವರವೇ. ಅದೇ ಮಣೆ, ಅದೇ ಜಗುಲಿ, ಅದೇ ಕೈ; ಒಡೆತನವೊಂದು ಬೇರೆಯಾದುದರಿಂದ ಕೂಲಿಯು ಕಾಯಕವಾಯಿತು.

ಪ್ರತಿಯೊಬ್ಬ ಗೃಹಸ್ಥನೂ ಸಂಸ್ಥೆ ಕಟ್ಟಲಾರನು, ನಿಜ. ಆದರೆ ಸಂಜೆಯ ಕೂಲಿಯನ್ನು ನಾಳೆಗೆ ಮುಂದೂಡದಿರಬಹುದು. ಬೀದಿಯ ಸೊಪ್ಪಿನವಳೊಡನೆ ಎರಡು ರೂಪಾಯಿಗೆ ವಾದಿಸಿ, ದೊಡ್ಡ ಮಳಿಗೆಯಲ್ಲಿ ಅಚ್ಚಾದ ಬೆಲೆಗೆ ಮೌನವಾಗಿ ಹಣ ತೆರುವ ಅಭ್ಯಾಸವನ್ನು ಬಿಡಬಹುದು. ಕೆಲಸಕ್ಕೆ ಬಂದ ಹುಡುಗನಿಗೆ ಬರಿಯ ಮೂಟೆ ಹೊರುವುದನ್ನಲ್ಲದೆ ಯಂತ್ರದ ಮರ್ಮವನ್ನೂ ಕಲಿಸಿ, ಆತನು ಮುಂದೆ ಎದುರು ಬೀದಿಯಲ್ಲಿ ತನ್ನದೇ ಅಂಗಡಿ ತೆರೆದಾಗ ಅಸೂಯೆಪಡದೆ ಹೋಗಿ ಹರಸಬಹುದು. ಇವು ಸಣ್ಣ ಆಚರಣೆಗಳು. ಆದರೂ ಒಂದು ಬಡಾವಣೆಯ ಆರ್ಥಿಕ ಏಳಿಗೆಯು ಇಂತಹ ಸಾವಿರ ಆಚರಣೆಗಳ ಮೊತ್ತವಲ್ಲದೆ ಮತ್ತೇನು?

ಕಾಯಕವನ್ನು ಕೊಡುವವನು ದಾಸೋಹಿಯಾಗಬಲ್ಲನು. ಕೂಲಿಯಲ್ಲಿ ಹೆಚ್ಚಿನ ಅಕ್ಕಿಯನ್ನು ಹಿಡಿದಿಡದಿರುವುದು, ಬಂದವನ ಕುಲವನ್ನೂ ಊರನ್ನೂ ಕೇಳದಿರುವುದು, ದುಡಿದವನು ತನ್ನ ಸಮಕ್ಕೆ ಏಳುವುದನ್ನು ಬಯಸುವುದು, ಈ ಮೂರೂ ಇದ್ದಲ್ಲಿ ಆತನ ಕಾರ್ಖಾನೆಯೂ ಮಹಾಮನೆಯೇ. ಇವು ಇಲ್ಲದಲ್ಲಿ ಆತನು ಎಷ್ಟು ಮಂದಿಗೆ ಕೆಲಸ ಕೊಟ್ಟರೂ, ಎಷ್ಟು ಮೂಟೆ ಅಕ್ಕಿಯನ್ನು ಮಠಕ್ಕೆ ಕಳುಹಿದರೂ, ಅದು ಬೇರೆಯವರ ದಾಸೋಹವನ್ನು ತನ್ನ ಹೆಸರಿನಲ್ಲಿ ಬರೆಸಿಕೊಂಡಂತೆ. ಮುಂದಿನ ವಾರದ ಕೂಲಿಯನ್ನು ಎಣಿಸುವಾಗ ಸದ್ಭಕ್ತರು ಈ ಮಾತನ್ನು ಒಂದು ಗಳಿಗೆ ಮನನ ಮಾಡಲಿ.