ಮಣೆ ಬದಲಾದರೆ ಆಟ ಬದಲಾಯಿತೇ?

ಕಂಪ್ಯೂಟರ್ ಪರದೆಯ ಮೇಲೆ ಒಂದು ಮೇಜು. ಮೇಜಿನ ಮೇಲೆ ಚದುರಂಗದ ಮಣೆ, ಎರಡೂ ಕಡೆ ಹದಿನಾರು ಹದಿನಾರು ಕಾಯಿ. ಬೇರೆ ಬೇರೆ ಊರುಗಳಲ್ಲಿ ಕೂತವರು ಆ ಮೇಜಿನ ಸುತ್ತ ಸೇರಿದ್ದಾರೆ. ಅವರಲ್ಲೊಬ್ಬರು ಪಟ್ಟಿಯಲ್ಲಿ ಪಗಡೆಯನ್ನು ಆರಿಸಿ ಒತ್ತಿದರೆ ಸಾಕು, ಚದುರಂಗವೆಲ್ಲ ಮಾಯವಾಗಿ ಪಗಡೆ ಹಾಸು ಬಂದು ಕೂರುತ್ತದೆ. 2015ರಲ್ಲಿ ಬಿಡುಗಡೆಯಾದ ಟೇಬಲ್‌ಟಾಪ್ ಸಿಮ್ಯುಲೇಟರ್ ಎಂಬ ತಂತ್ರಾಂಶದಲ್ಲಿ ಇದು ಕ್ಷಣದ ಕೆಲಸ. ಆದರೆ ಆ ಕ್ಷಣದಲ್ಲಿ ಬದಲಾದದ್ದು ಏನು ಎಂಬ ಪ್ರಶ್ನೆಗೆ ಉತ್ತರ ಅಷ್ಟು ಸಲೀಸಾಗಿ ಸಿಗುವುದಿಲ್ಲ. ತಂತ್ರಾಂಶ ಬರೆಯುವ ಒಬ್ಬ ತಮ್ಮ, ತತ್ವಶಾಸ್ತ್ರ ಕಲಿಸುವ ಒಬ್ಬಳು ಅಕ್ಕ, ಇವರಿಬ್ಬರ ಬಾಯಲ್ಲಿ ಆ ಪ್ರಶ್ನೆಯನ್ನಿಟ್ಟು ನೋಡೋಣ.

ತಮ್ಮ: ಅಕ್ಕ, ಇದರಲ್ಲಿ ಒಗಟೇನೂ ಇಲ್ಲ. ಸೇವ್ ಮಾಡಿಟ್ಟ ಪ್ರತಿಯೊಂದು ಆಟವೂ ಒಂದು ಫೈಲು. ಅದನ್ನು ತೆರೆದರೆ ಮೇಜಿನ ಮೇಲಿರುವ ವಸ್ತುಗಳ ಪಟ್ಟಿ ಸಿಗುತ್ತದೆ: ಇದು ಕುದುರೆ, ಇಂಥ ಜಾಗದಲ್ಲಿದೆ, ಇಷ್ಟು ತಿರುಗಿದೆ, ಬಣ್ಣ ಇಂಥದ್ದು. ಬೇರೆ ಆಟ ಲೋಡ್ ಮಾಡಿದಾಗ ತಂತ್ರಾಂಶ ಹಳೆಯ ಪಟ್ಟಿಯ ವಸ್ತುಗಳನ್ನು ತೆಗೆದುಹಾಕಿ ಹೊಸ ಪಟ್ಟಿಯಲ್ಲಿ ಇರುವುದನ್ನು ಜೋಡಿಸುತ್ತದೆ. ಮುಂಚೆ ಇದ್ದದ್ದು ಚದುರಂಗದ ಫೈಲು, ಈಗಿರುವುದು ಪಗಡೆಯ ಫೈಲು. ಆಟ ಬದಲಾಯಿಸುವುದು ಎಂದರೆ ಫೈಲು ಬದಲಾಯಿಸುವುದು, ಅಷ್ಟೆ.

ಅಕ್ಕ: ಸರಿ, ಹಾಗಾದರೆ ಒಂದು ಕೇಳುತ್ತೇನೆ. ಕುದುರೆ ಎರಡು ಮನೆ ನೇರ ಹೋಗಿ ಒಂದು ಮನೆ ಪಕ್ಕಕ್ಕೆ ಹೊರಳುತ್ತದೆ ಎಂಬುದು ಆ ಪಟ್ಟಿಯಲ್ಲಿ ಎಲ್ಲಿದೆ, ತೋರಿಸು. ಇಲ್ಲ. ಆ ಮೇಜಿನ ಮೇಲೆ ಕುದುರೆಯನ್ನು ಆನೆಯ ನೆತ್ತಿಯ ಮೇಲೆ ಇಡಬಹುದು, ಮಣೆಯಾಚೆ ಎಸೆಯಲೂಬಹುದು, ಯಾರೂ ತಡೆಯುವುದಿಲ್ಲ. ಅಂದರೆ ನಿನ್ನ ಫೈಲಿನಲ್ಲಿ ಇರುವುದು ಮರದ ಕಾಯಿಯ ಚಿತ್ರ, ಚದುರಂಗ ಅಲ್ಲ. ಇನ್ನೊಂದು ಕಡೆಯಿಂದ ನೋಡು. ಅದೇ ಅರವತ್ನಾಲ್ಕು ಮನೆಗಳ ಮೇಲೆ ಚೆಕರ್ಸ್ ಆಡುತ್ತಾರೆ. ಅದೇ ತಂತ್ರಾಂಶದಲ್ಲಿ ಪೀಸ್‌ಪ್ಯಾಕ್ ಎಂಬ ಒಂದು ಕಟ್ಟೂ ಇದೆ: ಇಪ್ಪತ್ನಾಲ್ಕು ಬಿಲ್ಲೆ, ಇಪ್ಪತ್ನಾಲ್ಕು ನಾಣ್ಯ, ನಾಲ್ಕು ದಾಳ, ನಾಲ್ಕು ಕಾಯಿ. ಅದು ಯಾವುದೇ ಒಂದು ಆಟದ ಸಾಮಾನಲ್ಲ, ಅದೇ ಸಾಮಾನಿನಿಂದ ಹತ್ತಾರು ಆಟ ಕಟ್ಟಲೆಂದೇ ಮಾಡಿದ್ದು. ಅಲ್ಲಿ ಒಂದು ಆಟ ಮುಗಿಸಿ ಇನ್ನೊಂದಕ್ಕೆ ಹೋದಾಗ ಯಾವ ಫೈಲೂ ಬದಲಾಗಬೇಕಿಲ್ಲ. ಇದಕ್ಕೆ ವಿರುದ್ಧವಾದದ್ದೂ ಉಂಟು. ಮರದ ಕಾಯಿಯ ಬದಲು ಅಮೃತಶಿಲೆಯ ಕಾಯಿ ಲೋಡ್ ಮಾಡು, ಚದುರಂಗ ಚದುರಂಗವಾಗಿಯೇ ಇರುತ್ತದೆ. ಭಾಷೆಯನ್ನು ವಿವರಿಸಲು ಭಾಷಾವಿಜ್ಞಾನಿ ಸಸ್ಯೂರ್ ಚದುರಂಗವನ್ನು ಉದಾಹರಣೆಯಾಗಿ ತೆಗೆದುಕೊಂಡದ್ದು ಇದಕ್ಕೇ: ಮರದ ಕಾಯಿ ಹೋಗಿ ದಂತದ ಕಾಯಿ ಬಂದರೆ ಏನೂ ಆಗದು, ಕಾಯಿಗಳ ಸಂಖ್ಯೆ ಬದಲಾದರೆ ಆಟದ ವ್ಯಾಕರಣವೇ ಅಲುಗಾಡುತ್ತದೆ. ವಸ್ತು ಹಾಗೇ ಇದ್ದು ಆಟ ಬದಲಾಗಬಹುದು, ವಸ್ತು ಬದಲಾಗಿ ಆಟ ಹಾಗೇ ಉಳಿಯಬಹುದು ಎಂದಮೇಲೆ ಎರಡೂ ಒಂದೇ ಆಗುವುದು ಹೇಗೆ?

ತಮ್ಮ: ನೀನು ನಿಯಮವಿಲ್ಲದ ಮೇಜನ್ನೇ ಆರಿಸಿಕೊಂಡು ವಾದ ಹೂಡಿದೆ. ಎಲ್ಲ ತಂತ್ರಾಂಶವೂ ಹಾಗಿಲ್ಲ. ಬೋರ್ಡ್ ಗೇಮ್ ಅರೀನಾ ಎಂಬ ಜಾಲತಾಣದಲ್ಲಿ ತಪ್ಪು ನಡೆ ಸಾಧ್ಯವೇ ಇಲ್ಲ. ಯಾವ ಕಾಯಿ ಎಲ್ಲಿಗೆ ಹೋಗಬಹುದು, ಸರದಿ ಯಾರದು, ಅಂಕ ಎಷ್ಟು ಎಲ್ಲವನ್ನೂ ಯಂತ್ರವೇ ನೋಡಿಕೊಳ್ಳುತ್ತದೆ. ನೀನು ಹೇಳಿದ ಮೇಜಿನಲ್ಲಿ ಕೂಡ ಲುವಾ ಭಾಷೆಯಲ್ಲಿ ಸ್ಕ್ರಿಪ್ಟ್ ಬರೆದು ನಿಯಮಗಳನ್ನು ಸೇರಿಸಬಹುದು. ಆದ್ದರಿಂದ ನನ್ನ ಮಾತನ್ನು ಸ್ವಲ್ಪ ತಿದ್ದಿಕೊಳ್ಳುತ್ತೇನೆ: ಆಟ ಎಂದರೆ ವಸ್ತು ಮತ್ತು ನಿಯಮ. ಎರಡನ್ನೂ ಫೈಲಿನಲ್ಲಿ ಬರೆದಿಡಬಹುದು. ಆಗ ಫೈಲು ಬದಲಾದರೆ ಆಟ ಬದಲಾಯಿತು ಎನ್ನುವುದರಲ್ಲಿ ತಪ್ಪೇನಿದೆ?

ಅಕ್ಕ: ನಿಯಮವನ್ನು ಬರೆದಿಡಬಹುದು, ಒಪ್ಪುತ್ತೇನೆ. ಆದರೆ ಬರೆದಿಟ್ಟ ನಿಯಮ ಬೇರೆ, ನಡೆಯುತ್ತಿರುವ ಆಟ ಬೇರೆ. ಮೆಸೊಪೊಟೇಮಿಯದ ಊರ್ ನಗರದ ರಾಜಸಮಾಧಿಗಳನ್ನು 1920ರ ದಶಕದಲ್ಲಿ ಲಿಯೊನಾರ್ಡ್ ವೂಲಿ ಅಗೆದಾಗ ಇಪ್ಪತ್ತು ಮನೆಗಳ ಸೊಗಸಾದ ಆಟದ ಮಣೆಗಳು ಸಿಕ್ಕವು, ಸುಮಾರು 4500 ವರ್ಷ ಹಳೆಯವು. ಮಣೆ ಇತ್ತು, ಕಾಯಿಗಳಿದ್ದವು, ಆಟ ಮಾತ್ರ ಇರಲಿಲ್ಲ. ಬಹಳ ಕಾಲದ ನಂತರ ಬ್ರಿಟಿಷ್ ಮ್ಯೂಸಿಯಂನ ಇರ್ವಿಂಗ್ ಫಿಂಕೆಲ್, ಕ್ರಿ.ಪೂ. ಎರಡನೆಯ ಶತಮಾನದ ಒಂದು ಬ್ಯಾಬಿಲೋನಿಯನ್ ಮಣ್ಣಿನ ಫಲಕವನ್ನು ಓದಿ ಆ ಆಟವನ್ನು ಹೇಗೆ ಆಡಿರಬಹುದೆಂದು ತೋರಿಸಿದರು. ಈಗ ಯೋಚಿಸು: ಆ ಫಲಕ ಸಂಗ್ರಹಾಲಯದ ಕಪಾಟಿನಲ್ಲಿ, ಮಣೆ ಗಾಜಿನ ಪೆಟ್ಟಿಗೆಯಲ್ಲಿ ಇದ್ದಷ್ಟು ದಿನ ವಸ್ತುವೂ ನಿಯಮವೂ ಎರಡೂ ಇದ್ದವು. ಆದರೂ ಯಾರೂ ಆಡುತ್ತಿರಲಿಲ್ಲ. ಇಬ್ಬರು ಎದುರುಬದುರು ಕೂತು 'ಇದರಂತೆ ಆಡೋಣ' ಎಂದಾಗಲೇ ಅದು ಆಟವಾದದ್ದು. ಹಂಪಿಯ ಮಂಟಪಗಳ ಕಲ್ಲುಹಾಸಿನ ಮೇಲೆ ಕೊರೆದ ಮಣೆಗಳೂ ಇವತ್ತು ಇದೇ ಸ್ಥಿತಿಯಲ್ಲಿವೆ. ಗೆರೆ ಉಳಿದಿದೆ, ಕೂತವರು ಎದ್ದುಹೋಗಿದ್ದಾರೆ.

ತಮ್ಮ: ಆದರೆ ಯಂತ್ರವೇ ನಿಯಮ ಪಾಲಿಸುವಲ್ಲಿ ಈ ಒಪ್ಪಿಗೆಗೆ ಜಾಗವೆಲ್ಲಿದೆ? ತಪ್ಪು ನಡೆಯನ್ನು ಅದು ಬಿಡುವುದೇ ಇಲ್ಲ. ನಾನು ಒಪ್ಪಿದರೂ ಅಷ್ಟೆ, ಬಿಟ್ಟರೂ ಅಷ್ಟೆ.

ಅಕ್ಕ: ಅಲ್ಲೇ ವಿಷಯ ಇರುವುದು. ದಾಟಲಾಗದ ಗೋಡೆಯ ಮುಂದೆ ನಿಂತವನನ್ನು ನಿಯಮ ಪಾಲಿಸಿದ ಎನ್ನುವುದಿಲ್ಲ. ಮುರಿಯಬಹುದಾಗಿದ್ದೂ ಮುರಿಯದೆ ಇರುವುದು ನಿಯಮ ಪಾಲನೆ. ಚೌಕಾಬಾರವನ್ನೇ ತೆಗೆದುಕೋ. ನಡುಮನೆಗೆ ಕಾಯಿ ಸೇರಿದರೆ 'ಹಣ್ಣಾಯಿತು' ಎನ್ನುತ್ತೇವೆ. ಬೇಕಾದದ್ದು ಕಾಯಿ ನಡುಮನೆಯಲ್ಲಿರುವುದು ಮಾತ್ರವಾದರೆ ಕೈಯಲ್ಲೆತ್ತಿ ಅಲ್ಲಿಟ್ಟುಬಿಡಬಹುದಿತ್ತು. ಹಾಗಿಟ್ಟ ಕಾಯಿ ಹಣ್ಣಲ್ಲ. ಕವಡೆ ಬೀಳಿಸಿದಷ್ಟೇ ನಡೆದು, ಎದುರಾಳಿಯ ಹೊಡೆತ ತಪ್ಪಿಸಿಕೊಂಡು, ಸುತ್ತು ಬಳಸಿ ಬಂದರೆ ಮಾತ್ರ ಹಣ್ಣು. ತತ್ವಜ್ಞಾನಿ ಬರ್ನಾರ್ಡ್ ಸ್ಯೂಟ್ಸ್ 1978ರ 'ದಿ ಗ್ರಾಸ್‌ಹಾಪರ್' ಪುಸ್ತಕದಲ್ಲಿ ಆಟದ ತಿರುಳೆಂದು ಹಿಡಿದದ್ದು ಇದನ್ನೇ: ಹತ್ತಿರದ ದಾರಿ ಇರುವಾಗಲೂ ಬೇಕೆಂದೇ ಅಡ್ಡಿಗಳನ್ನು ಒಪ್ಪಿಕೊಳ್ಳುವುದು, ಒಪ್ಪಿಕೊಳ್ಳುವುದಕ್ಕೆ ಕಾರಣ ಆ ಆಟ ಸಾಧ್ಯವಾಗಲಿ ಎಂಬ ಆಸೆ ಮಾತ್ರ. ಯಂತ್ರ ತಪ್ಪು ನಡೆಯನ್ನು ತಡೆಯಬಹುದು. ಗೆಲ್ಲಲು ಮನಸ್ಸಿಟ್ಟು ಆಡು ಎಂದು ಬಲವಂತ ಮಾಡಲಾರದು. ಸೋಲುವ ಸೂಚನೆ ಕಂಡೊಡನೆ ಎದ್ದುಹೋಗಬೇಡ, ಬೇಕೆಂದೇ ತಡಮಾಡಬೇಡ, ಬೇರೆ ಕಿಟಕಿಯಲ್ಲಿ ಗೆಳೆಯನಿಗೆ ಇಸ್ಪೀಟಿನ ಎಲೆ ತೋರಿಸಬೇಡ ಎಂಬುದನ್ನು ಯಾವ ಸ್ಕ್ರಿಪ್ಟೂ ಪೂರ್ತಿ ಹಿಡಿದಿಡಲಾರದು. ಯಂತ್ರ ಹೊತ್ತುಕೊಳ್ಳುವುದು ನಿಯಮದ ಲೆಕ್ಕವನ್ನು ಮಾತ್ರ. ನಿಯಮಕ್ಕೆ ತಲೆಬಾಗುವ ಮನಸ್ಸನ್ನು ಆಡುವವರೇ ತರಬೇಕು.

ತಮ್ಮ: ಹಾಗಿದ್ದರೆ ಇನ್ನೊಂದು ತೊಡಕನ್ನು ಮುಂದಿಡುತ್ತೇನೆ. ಆಟವೆಂಬುದು ಬರೀ ಒಪ್ಪಂದವಾಗಿದ್ದರೆ ಬದಲಾಯಿಸುವುದು ಸುಲಭವಾಗಬೇಕಿತ್ತು. ಎಲ್ಲರೂ ತಲೆಯಾಡಿಸಿದರೆ ಮುಗಿಯಿತು. ಆದರೆ ಪಾತ್ರ ವಹಿಸಿ ಆಡುವ ಕಥೆಯಾಟಗಳನ್ನು ನೋಡು. ಅವಕ್ಕೆಂದೇ ಇರುವ ಫೌಂಡ್ರಿ ಎಂಬ ತಂತ್ರಾಂಶ 2020ರಲ್ಲಿ ಬಂತು. ಅದರಲ್ಲಿ ಒಂದು 'ಲೋಕ' ಕಟ್ಟುವಾಗಲೇ ಯಾವ ಆಟದ ಪದ್ಧತಿ ಎಂದು ಆರಿಸಬೇಕು, ಆಮೇಲೆ ಅದನ್ನು ಬದಲಿಸುವಂತಿಲ್ಲ. 1974ರ 'ಡಂಜನ್ಸ್ ಅಂಡ್ ಡ್ರ್ಯಾಗನ್ಸ್'ನಿಂದ ಬೆಳೆದ ಪದ್ಧತಿಯಲ್ಲಿ ಇಪ್ಪತ್ತು ಮುಖದ ದಾಳ ಉರುಳಿಸುತ್ತಾರೆ, ವೀರ ಮೇಲೇರಿದಂತೆ ಅವನ ಜೀವಾಂಕವೂ ಏರುತ್ತದೆ. 1981ರ 'ಕಾಲ್ ಆಫ್ ಕ್ಥುಲ್ಹು'ವಿನಲ್ಲಿ ಲೆಕ್ಕ ನೂರರ ಮೇಲೆ, ಮನಸ್ಸಿನ ಸ್ವಾಸ್ಥ್ಯಕ್ಕೇ ಒಂದು ಅಂಕವಿದೆ, ಅಲ್ಲಿನ ಪಾತ್ರ ಕೊನೆಯವರೆಗೂ ಒಂದು ಏಟಿಗೆ ಸಾಯಬಲ್ಲ ಸಾಮಾನ್ಯ ಮನುಷ್ಯ. ಒಂದರ ವೀರನನ್ನು ಇನ್ನೊಂದಕ್ಕೆ ಒಯ್ದರೆ ಅವನ ಕವಚದ ಅಂಕವನ್ನು ಎಲ್ಲಿ ಬರೆಯಬೇಕೆಂದೇ ತಿಳಿಯದು. ಅಂದರೆ ನಿನ್ನ ಒಪ್ಪಂದಕ್ಕೆ ಮಾಹಿತಿ ಅಡ್ಡ ನಿಲ್ಲುತ್ತದೆ. ವಸ್ತುವಿಗೂ ತನ್ನದೇ ಹಟವಿದೆ.

ಅಕ್ಕ: ಒಳ್ಳೆಯ ತೊಡಕು. ವಸ್ತುವಿಗೆ ಹಟವಿಲ್ಲ ಎಂದು ನಾನು ಹೇಳುವುದಿಲ್ಲ. ಹದಿನಾಲ್ಕು ಗುಳಿಯ ಚೆನ್ನೆಮಣೆಯ ಮೇಲೆ ಚದುರಂಗ ಆಡಲಾಗದು. ಮಣೆ ಕೆಲವು ಆಟಗಳನ್ನು ಕರೆಯುತ್ತದೆ, ಕೆಲವನ್ನು ದೂರವಿಡುತ್ತದೆ. ಆದರೆ ನಿನ್ನ ಉದಾಹರಣೆಯಲ್ಲಿ ದಾಟಲಾಗದೆ ಉಳಿದದ್ದು ಯಾವುದು? ಆ ವೀರನ ಬಲದ ಅಂಕ ಹದಿನೈದು ಎಂದಿಟ್ಟುಕೋ. ಆ ಅಂಕೆಯನ್ನು ಯಾವ ಫೈಲಿಗೆ ಬೇಕಾದರೂ ನಕಲು ಮಾಡಬಹುದು. ದಾಟದೆ ಉಳಿದದ್ದು ಆ ಹದಿನೈದರ ಅರ್ಥ. ಒಂದು ಪದ್ಧತಿಯಲ್ಲಿ ಅದು ಬಲಶಾಲಿಯ ಗುರುತು, ನೂರರ ಲೆಕ್ಕದಲ್ಲಿ ಅದೇ ಹದಿನೈದು ತೀರ ಬಲಹೀನನ ಗುರುತು. ಅರ್ಥ ಬರುವುದು ಸುತ್ತಲಿನ ನಿಯಮಗಳಿಂದ, ನಿಯಮಕ್ಕೆ ಜೀವ ಬರುವುದು ಅದನ್ನು ಒಪ್ಪಿ ಕೂತವರಿಂದ. ಆದ್ದರಿಂದ ನೀನು ತೋರಿಸಿದ ಹಟ ಒಪ್ಪಂದದ್ದೇ ಹಟ. ಹಾಗೆಯೇ ದಾಟಿ ಬಂದದ್ದು ಏನೆಂದೂ ನೋಡು. ಅದೇ ಐದು ಜನ, ಒಬ್ಬರ ಕಥೆಯನ್ನು ಇನ್ನೊಬ್ಬರು ಮುಂದುವರಿಸುವ ರೂಢಿ, ಹಿಂಜರಿಯುವವನಿಗೆ ಸರದಿ ಬಿಟ್ಟುಕೊಡುವ ಸೌಜನ್ಯ, ಒಬ್ಬರ ಮೇಲೊಬ್ಬರಿಗೆ ಇರುವ ನಂಬಿಕೆ. ಇದಾವುದೂ ಫೈಲಿನಲ್ಲಿರಲಿಲ್ಲ, ಆದ್ದರಿಂದ ಫೈಲು ಬದಲಾದಾಗ ಅಳಿಯಲೂ ಇಲ್ಲ. ಎಲ್ಲ ಆಟಗಳಿಗೂ ಸಮಾನವಾದ ಒಂದೇ ಗುಣವಿಲ್ಲ, ಒಂದೇ ಮನೆತನದವರ ಮುಖಗಳಂತೆ ಹೋಲಿಕೆಗಳಷ್ಟೇ ಇವೆ ಎಂದು ತತ್ವಜ್ಞಾನಿ ವಿಟ್ಗೆನ್‌ಸ್ಟೈನ್ ವಾದಿಸಿದ. 1953ರಲ್ಲಿ, ಅವನು ತೀರಿಕೊಂಡ ಮೇಲೆ, ಪ್ರಕಟವಾದ ಪುಸ್ತಕದಲ್ಲಿ ಅದಿದೆ. ಮಣೆ, ಎಲೆ, ಚೆಂಡುಗಳನ್ನು ಒಂದರ ಪಕ್ಕ ಒಂದಿಟ್ಟು ಹುಡುಕಿದರೆ ಅವನ ಮಾತು ನಿಜ. ಆದರೆ ಅದೇ ಜನ ಒಂದು ಆಟದಿಂದ ಇನ್ನೊಂದಕ್ಕೆ ದಾಟುವುದನ್ನು ಗಮನಿಸಿದರೆ ಒಂದು ಎಳೆ ಕಡಿಯದೆ ಉಳಿಯುತ್ತದೆ. ಅದು ಪರಸ್ಪರರಿಗಾಗಿ ಕಟ್ಟುಪಾಡಿಗೆ ಒಳಗಾಗುವ ಸಿದ್ಧತೆ.

ತಮ್ಮ: ಕೊನೆಯದಾಗಿ ಒಂದು. ನಾವು ಮೊದಲು ಮಾತಾಡಿದ ಮೇಜಿನಲ್ಲಿ ಹೊಸ ಆಟ ಲೋಡ್ ಮಾಡುವ ಅಧಿಕಾರ ಎಲ್ಲರಿಗೂ ಇಲ್ಲ. ಮೇಜು ತೆರೆದ ಹೋಸ್ಟ್ ಮತ್ತು ಅವನು ಅಧಿಕಾರ ಕೊಟ್ಟವರು ಮಾತ್ರ ಮಾಡಬಹುದು. ಒಬ್ಬನ ಬೆರಳು ಒತ್ತಿದರೆ ಎಲ್ಲರ ಕಣ್ಣೆದುರಿನ ಆಟ ಹೋಯಿತು. ಇದರಲ್ಲಿ ಒಪ್ಪಂದ ಎಲ್ಲಿಂದ ಬಂತು?

ಅಕ್ಕ: ನೀನು ಕೇಳಿದ ಈ ಪ್ರಶ್ನೆ ನಾಳೆ ಮೇಜಿಗೆ ಕೂರುವವರಿಗೂ ಬೇಕಾದದ್ದು. ಹೋಸ್ಟ್‌ಗೆ ಇರುವುದು ವಸ್ತುಗಳ ಮೇಲಿನ ಅಧಿಕಾರ. ಅವನು ನನ್ನ ಮುಂದಿನ ಕಾಯಿಗಳನ್ನು ಇಲ್ಲವಾಗಿಸಬಹುದು, ಆದರೆ ನನ್ನನ್ನು ಹೊಸ ಆಟಕ್ಕೆ ಆಟಗಾರ್ತಿಯನ್ನಾಗಿ ಮಾಡಲಾರ. ಮನಸ್ಸಿಲ್ಲದೆ ದಾಳ ಉರುಳಿಸುವವಳು ಮೇಜಿನ ಬಳಿ ಇರುತ್ತಾಳೆ, ಆಟದಲ್ಲಿ ಇರುವುದಿಲ್ಲ. ಹಿಂದೆ ಇದು ಇಷ್ಟು ಎದ್ದು ಕಾಣುತ್ತಿರಲಿಲ್ಲ, ಏಕೆಂದರೆ ಆಟ ಬದಲಿಸಲು ಹೊತ್ತು ಹಿಡಿಯುತ್ತಿತ್ತು. ತುಳುನಾಡಿನಲ್ಲಿ ಆಟಿ ತಿಂಗಳ ಮಳೆಯಲ್ಲಿ ಚೆನ್ನೆ ಆಡುವವರನ್ನು ನೆನೆದುಕೋ. ಗುಳಿಗೆ ನಾಲ್ಕರಂತೆ ಐವತ್ತಾರು ಕಾಯಿ. ಒಂದು ಬಗೆಯ ಆಟ ಮುಗಿಸಿ ಇನ್ನೊಂದು ಬಗೆ ಹಿಡಿಯಬೇಕಾದರೆ ಕಾಯಿಗಳನ್ನೆಲ್ಲ ಗುಡ್ಡೆ ಹಾಕಿ, ಎಣಿಸಿ, ಮತ್ತೆ ನಾಲ್ಕು ನಾಲ್ಕು ಹಂಚಬೇಕು. ಒಂದು ಕಡಿಮೆಯಾದರೆ ಚಾಪೆ ಎತ್ತಿ ಹುಡುಕಬೇಕು. ಗೆದ್ದವರು ಗೆಲುವನ್ನೂ ಸೋತವರು ಸೋಲನ್ನೂ ಒಪ್ಪಿಕೊಳ್ಳುವುದು, ಮುಂದಿನದಕ್ಕೆ ಯಾವ ಕಟ್ಟಳೆ ಎಂದು ಮಾತಾಡಿಕೊಳ್ಳುವುದು ಆ ಎಣಿಕೆಯ ಹೊತ್ತಿನಲ್ಲೇ ಆಗುತ್ತದೆ. ಕೈಕೆಲಸದ ಜೊತೆಗೆ ಒಪ್ಪಂದವೂ ತಾನಾಗಿ ನಡೆಯುತ್ತದೆ. ತಂತ್ರಾಂಶ ಆ ಕೈಕೆಲಸವನ್ನು ತಪ್ಪಿಸಿತು. ಅದರ ಜೊತೆ ಮಾತಿನ ಹೊತ್ತೂ ಹೋಯಿತು. ಆದ್ದರಿಂದ ಈಗ ಆ ಮಾತನ್ನು ಬೇಕೆಂದೇ ಆಡಬೇಕು: ಹಳೆಯ ಆಟ ಮುಗಿಯಿತೋ, ಸೇವ್ ಮಾಡಿಟ್ಟು ಮತ್ತೆ ಬರೋಣವೋ? ಹೊಸ ಆಟ ಎಲ್ಲರಿಗೂ ಬರುತ್ತದೆಯೋ? ಯಾವ ಮನೆಯ ಕಟ್ಟಳೆಯಂತೆ ಆಡೋಣ?

ತಮ್ಮ: ಕಟ್ಟಳೆ ತಂತ್ರಾಂಶದಲ್ಲೇ ಇದ್ದರೆ ಈ ಕೊನೆಯ ಪ್ರಶ್ನೆ ಬೇಡವಲ್ಲ? ಹೊಸಬರಿಗೆ ಅದರಿಂದ ಉಪಕಾರವೇ. ನಡೆ ತಿಳಿಯದವರೂ ಯಂತ್ರ ತೋರಿಸಿದಂತೆ ಆಡುತ್ತ ಕಲಿಯುತ್ತಾರೆ, ಜಗಳಕ್ಕೆ ಎಡೆಯಿಲ್ಲ.

ಅಕ್ಕ: ಉಪಕಾರ ನಿಜ, ಅದನ್ನು ನಾನು ಅಲ್ಲಗಳೆಯುವುದಿಲ್ಲ. ಆದರೆ ನಷ್ಟವೂ ಇದೆ. ಎದುರಾಳಿಯ ಒಂದು ಕಾಯಿಯನ್ನಾದರೂ ಹೊಡೆಯದೆ ಒಳಸುತ್ತಿಗೆ ಹೋಗುವಂತಿಲ್ಲ ಎಂದು ಚೌಕಾಬಾರದಲ್ಲಿ ಎಷ್ಟೋ ಮನೆಗಳ ಕಟ್ಟಳೆ. ಆ ಕಟ್ಟಳೆ ಇಲ್ಲದ ಮನೆಗಳೂ ಇವೆ. ಆದ್ದರಿಂದ ಹೊಸಬರ ಎದುರು ಕೂತಾಗ ಕವಡೆ ಕೈಗೆತ್ತಿಕೊಳ್ಳುವ ಮೊದಲು ಬರುವ ಪ್ರಶ್ನೆ 'ನಿಮ್ಮಲ್ಲಿ ಹೇಗೆ ಆಡ್ತೀರಿ?' ಎಂಬುದು. ಆಟ ಅಲ್ಲಿಂದಲೇ ಶುರುವಾಯಿತು ಎನ್ನುತ್ತೇನೆ ನಾನು. ನಿಯಮ ನಮ್ಮಿಬ್ಬರದು, ಬೇಕಾದರೆ ತಿದ್ದಬಹುದು, ತಿದ್ದಿದ ಮೇಲೆ ಇಬ್ಬರೂ ಪಾಲಿಸಬೇಕು ಎಂಬ ದೊಡ್ಡ ಪಾಠ ಆ ಸಣ್ಣ ಪ್ರಶ್ನೆಯಲ್ಲಿದೆ. ಯಂತ್ರ ಕಲಿಸಲಿ, ಲೆಕ್ಕ ಇಡಲಿ, ಆದರೆ ಆ ಪ್ರಶ್ನೆ ಕೇಳುವ ಹಕ್ಕನ್ನು ನಮ್ಮ ಬಾಯಿಂದ ಕಸಿಯದಿರಲಿ.

ತಮ್ಮ: ಹಾಗಾದರೆ ತಂತ್ರಾಂಶ ಬರೆಯುವವನಾಗಿ ನಾನು ಮಾಡಬೇಕಾದದ್ದು ಸ್ಪಷ್ಟ. ಹೊಸ ಆಟ ಬರುವ ಮುಂಚೆ ಹಳೆಯದನ್ನು ತಾನಾಗಿ ಕಾದಿಡಬೇಕು, ಬದಲಾವಣೆಯನ್ನು ಒಬ್ಬನ ಬೆರಳಿಗೆ ಬಿಡದೆ ಎಲ್ಲರ ಮುಂದಿಟ್ಟು ಕೇಳಬೇಕು, ಈ ಸಲದ ಕಟ್ಟಳೆ ಏನೆಂದು ಬರೆದುಕೊಳ್ಳಲು ಮೇಜಿನ ಮೇಲೊಂದು ಹಾಳೆ ಇಡಬೇಕು. ಫೈಲು ಏನೂ ಅಲ್ಲ ಎಂದು ಈಗಲೂ ನಾನು ಒಪ್ಪುವುದಿಲ್ಲ. ಮಣೆಯಿಲ್ಲದೆ ಯಾವ ಒಪ್ಪಂದಕ್ಕೂ ಕೂರಲು ಜಾಗವಿಲ್ಲ.

ಅಕ್ಕ: ನಾನೂ ಅಷ್ಟು ಹೇಳಲಿಲ್ಲ ಕಣೋ. ಕಾಯಿಗಳನ್ನು ನಿನ್ನ ಫೈಲೇ ತರಬೇಕು. ಅವು ಹಣ್ಣಾಗುವುದು ಸುತ್ತ ಕೂತವರ ನಡುವೆ.